ಬಂದರಿನ ನೂರು ಮೀಟರ್

ಮಾತನಾಡುವವರು ಇಬ್ಬರು. ಮಂಗಳೂರಿನ ಬಂದರಿನಲ್ಲಿ ಹುಟ್ಟಿ, ಅಲ್ಲೇ ಮಕ್ಕಳಿಗೆ ಪಾಠ ಹೇಳಿ ನಿವೃತ್ತರಾದ ಟೀಚರ್ ಒಬ್ಬರು. ಅವರ ಕೈಯಲ್ಲಿ ಕಲಿತು ಈಗ ವಕೀಲನಾಗಿರುವ ಶಿಷ್ಯ ಇನ್ನೊಬ್ಬ. ಇಬ್ಬರ ಹೆಸರೂ ಬೇಡ, ಗಲ್ಲಿಯದೂ ಅಂಗಡಿಯದೂ ಬೇಡ. ಕರಾವಳಿಯ ಯಾವ ಪೇಟೆಯಲ್ಲೂ ನಡೆಯಬಹುದಾದ ಮಾತುಕತೆ ಇದು. ಇದರಲ್ಲಿ ಬರುವ ಕಾಯ್ದೆ, ನಿಯಮ, ತೀರ್ಪುಗಳು ಮಾತ್ರ ಇದ್ದದ್ದು ಇದ್ದ ಹಾಗೆ.

ಟೀಚರ್: ನೀನು ಫೋನಿನಲ್ಲಿ ಹೇಳಿದ ಮಾತು ನನ್ನ ಗಂಟಲಲ್ಲಿ ಇಳಿಯಲೇ ಇಲ್ಲ. ಅರ್ಜಿ ವಾಪಸ್ ತೆಗೆಯುವುದು ಅಂದರೆ ಎಂತ? ಏಳು ಮಂದಿ ಸಹಿ ಹಾಕಿದ್ದೇವೆ. ದಕ್ಕೆಯಿಂದ ಮೀನು ತರುವ ಹೆಂಗಸರು ಬುಟ್ಟಿ ಕೆಳಗಿಟ್ಟು ಬಂದು ಖರ್ಚಿಗೆ ಅಂತ ಹಣ ಕೊಟ್ಟಿದ್ದಾರೆ. ಶಾಲೆಯ ಹತ್ತಿರ ವೈನ್ ಶಾಪ್ ಬೇಡ ಅಂದದ್ದಷ್ಟೇ ನಾವು. ಈಗ ಅವರ ಎದುರು ಯಾವ ಮುಖ ಇಟ್ಟುಕೊಂಡು ನಿಲ್ಲುವುದು?

ವಕೀಲ: ಟೀಚರ್, ಮೊದಲು ಕೋರ್ಟಿನಲ್ಲಿ ಆದದ್ದನ್ನು ಪೂರ್ತಿ ಕೇಳಿ. ಬೆಂಗಳೂರಿನಲ್ಲಿ ನಮ್ಮ ಪರ ನಿಂತ ಸೀನಿಯರ್, ಅಂಗಡಿ ಶಾಲೆಯಿಂದ ನೂರು ಮೀಟರ್ ಒಳಗೆ ಉಂಟು, ನಿಯಮಕ್ಕೆ ವಿರುದ್ಧ ಅಂತ ವಾದ ಶುರು ಮಾಡಿದರು. ಎದುರು ಪಕ್ಷದವರು ಅಳತೆಯ ಮಹಜರು ಎತ್ತಿ ತೋರಿಸಿದರು. ಅದರಲ್ಲಿ ನೂರಕ್ಕಿಂತ ಹೆಚ್ಚು ಅಂತ ಬರೆದಿದೆ. ನಮ್ಮ ಕಡೆ ಇದ್ದದ್ದು ನಿಮ್ಮ ಮೊಮ್ಮಗ ಮೊಬೈಲಿನ ನಕ್ಷೆಯಲ್ಲಿ ಗೆರೆ ಎಳೆದ ಚಿತ್ರ. ನ್ಯಾಯಮೂರ್ತಿಗಳು ಎರಡೇ ಪ್ರಶ್ನೆ ಕೇಳಿದರು. ಈ ಎರಡರಲ್ಲಿ ಸರಿ ಯಾವುದೆಂದು ಇಲ್ಲಿ ಕೂತು ಹೇಳುವುದು ಹೇಗೆ? ಕಾಯ್ದೆಯಲ್ಲಿ ಮೇಲ್ಮನವಿಗೆ ದಾರಿ ಇರುವಾಗ ನೇರ ಇಲ್ಲಿಗೆ ಯಾಕೆ ಬಂದಿರಿ?

ಟೀಚರ್: ನ್ಯಾಯ ಕೇಳಲು ಹೋದವರಿಗೆ ಇಲ್ಲಿಗೆ ಯಾಕೆ ಬಂದಿರಿ ಅಂತ ಕೇಳುವುದಾ? ಹೈಕೋರ್ಟಿಗಿಂತ ದೊಡ್ಡ ಜಾಗ ನಮ್ಮಂಥವರಿಗೆ ಯಾವುದುಂಟು?

ವಕೀಲ: ದೊಡ್ಡ ಜಾಗ ಹೌದು. ಆದರೆ ಸಂವಿಧಾನದ 226ನೇ ವಿಧಿಯ ಕೆಳಗೆ ಹೈಕೋರ್ಟ್ ರಿಟ್ ಅರ್ಜಿ ಕೇಳುವಾಗ, ಅಧಿಕಾರಿ ಕಾನೂನಿನ ಚೌಕಟ್ಟಿನಲ್ಲಿ ನಡೆದಿದ್ದಾನೆಯೇ ಅಂತ ನೋಡುತ್ತದೆ. ಸಾಕ್ಷಿ ಕರೆದು, ಪಾಟೀಸವಾಲು ಮಾಡಿಸಿ, ಟೇಪು ಹಿಡಿಸಿ ಅಳೆಸುವ ಕೆಲಸವನ್ನು ಸಾಮಾನ್ಯವಾಗಿ ಮಾಡುವುದಿಲ್ಲ. ಕಾಯ್ದೆಯೊಳಗೇ ಬೇರೆ ಪರಿಹಾರ ಇದ್ದರೆ ಮೊದಲು ಅಲ್ಲಿಗೆ ಹೋಗಿ ಅನ್ನುತ್ತದೆ. ಅದಕ್ಕೆ ವಿನಾಯಿತಿಗಳು ಉಂಟು. 1998ರ ವರ್ಲ್‌ಪೂಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಬಿಡಿಸಿ ಹೇಳಿದೆ: ಮೂಲಭೂತ ಹಕ್ಕಿಗೆ ಧಕ್ಕೆಯಾದರೆ, ನಿಮ್ಮ ಮಾತು ಕೇಳದೆ ಆದೇಶ ಮಾಡಿದರೆ, ಅಧಿಕಾರವೇ ಇಲ್ಲದವನು ಆದೇಶ ಮಾಡಿದರೆ, ಕಾಯ್ದೆಯ ಸಿಂಧುತ್ವವೇ ಪ್ರಶ್ನೆಯಾದರೆ ನೇರ ಬರಬಹುದು. ನಮ್ಮದು ಮುಖ್ಯವಾಗಿ ಅಳತೆಯ ಜಗಳ. ಅಳತೆಯ ಜಗಳ ಹಿಡಿದು ಅಲ್ಲೇ ಕೂತರೆ ಏನಾಗುತ್ತದೆ ಗೊತ್ತುಂಟಾ? ಪರ್ಯಾಯ ಪರಿಹಾರ ಇದೆ ಅಂತ ಎರಡು ಸಾಲಿನಲ್ಲಿ ವಜಾ ಆಗಬಹುದು. ಅದಕ್ಕಿಂತ ಕಷ್ಟದ್ದು ಇನ್ನೊಂದು: ಮಹಜರನ್ನು ನಂಬುತ್ತೇವೆ, ಅರ್ಜಿದಾರರ ಅಳತೆಗೆ ಆಧಾರವಿಲ್ಲ ಅಂತ ಒಂದು ವಾಕ್ಯ ತೀರ್ಪಿನಲ್ಲಿ ಸೇರಿಬಿಡುವುದು. ಆ ವಾಕ್ಯ ಮುಂದೆ ನಾವು ಎಲ್ಲಿಗೆ ಹೋದರೂ ನಮ್ಮ ಬೆನ್ನು ಬಿಡುವುದಿಲ್ಲ.

ಟೀಚರ್: ಹಾಗಾದರೆ ಹೆದರಿ ಓಡುವುದು ಅಂತಾಯಿತಲ್ಲ.

ವಕೀಲ: ಹೆದರಿ ಓಡುವುದಾದರೆ ನಾನು ಇವತ್ತು ಇಲ್ಲಿ ನಿಮ್ಮ ಜಗಲಿಯಲ್ಲಿ ಕೂರುತ್ತಿರಲಿಲ್ಲ. ಮೆಮೊ ಹಾಕಿ, ಕೆಲಸ ಮುಗಿಯಿತು ಅಂತ ಫೋನಿನಲ್ಲೇ ಹೇಳುತ್ತಿದ್ದೆ.

ಟೀಚರ್: ಸರಿ, ಹೇಳು. ಆ ನೂರು ಮೀಟರ್ ವಿಷಯ ಮೊದಲು ಹೇಳು. ನಾನು ನಲವತ್ತು ವರ್ಷ ಅದೇ ದಾರಿಯಲ್ಲಿ ನಡೆದವಳು. ಗೇಟಿನಿಂದ ಆ ಅಂಗಡಿಗೆ ಮಕ್ಕಳು ಓಡಿದರೆ ಒಂದು ಉಸಿರು.

ವಕೀಲ: ಕರ್ನಾಟಕ ಅಬಕಾರಿ ಕಾಯ್ದೆ 1965ರದ್ದು. ಅದರ ಕೆಳಗೆ 1967ರಲ್ಲಿ ಸನ್ನದುಗಳ ಸಾಮಾನ್ಯ ಷರತ್ತುಗಳ ನಿಯಮ ಬಂತು. ಅದರ 5ನೇ ನಿಯಮ ನಮ್ಮ ಕೇಸಿನ ಬುಡ. ಶಾಲೆ, ಆಸ್ಪತ್ರೆ, ಧಾರ್ಮಿಕ ಸಂಸ್ಥೆ, ಸರ್ಕಾರಿ ಕಚೇರಿ ಇವುಗಳಿಂದ 100 ಮೀಟರ್ ಒಳಗೆ ಮದ್ಯದಂಗಡಿಗೆ ಸನ್ನದು ಕೊಡಬಾರದು. ಪರಿಶಿಷ್ಟ ಜಾತಿ, ಪಂಗಡದವರು ಹೆಚ್ಚಾಗಿ ವಾಸಿಸುವ ಕೇರಿಯಲ್ಲೂ ಕೊಡಬಾರದು. ನೂರು ಮೀಟರ್ ಎಲ್ಲಿಂದ ಹೇಗೆ ಅಳೆಯಬೇಕು ಅನ್ನುವುದೂ ಅದರಲ್ಲೇ ಉಂಟು: ಅಂಗಡಿಯ ಬಾಗಿಲಿನ ಮಧ್ಯದಿಂದ, ಕಾಲ್ನಡಿಗೆಯವನು ಸಾಮಾನ್ಯವಾಗಿ ಹೋಗುವ ಅತಿ ಹತ್ತಿರದ ದಾರಿ ಹಿಡಿದು. ಆಕಾಶದಲ್ಲಿ ಕಾಗೆ ಹಾರುವ ಗೆರೆ ಲೆಕ್ಕಕ್ಕಿಲ್ಲ, ಲಾರಿ ಸುತ್ತಿ ಬರುವ ರಸ್ತೆಯೂ ಲೆಕ್ಕಕ್ಕಿಲ್ಲ. ಈಗ ಬಂದರನ್ನು ನೆನೆಸಿಕೊಳ್ಳಿ.

ಟೀಚರ್: ಬಂದರಿನಲ್ಲಿ ರಸ್ತೆಯಲ್ಲಿ ನಡೆಯುವವರು ಯಾರು! ಎರಡು ಗೋದಾಮಿನ ನಡುವಿನ ಓಣಿಯಲ್ಲಿ ನುಗ್ಗಿದರೆ ಪೋರ್ಟ್ ರಸ್ತೆ. ಹಮಾಲಿಗಳು, ಮದರಸಕ್ಕೆ ಹೋಗುವ ಮಕ್ಕಳು, ಮೀನಿನವರು ಎಲ್ಲ ಆ ಓಣಿಯಲ್ಲೇ. ಅಕ್ಕಿ ಮೂಟೆ ಇಳಿಸುವ ಹೊತ್ತಿನಲ್ಲಿ ಮಾತ್ರ ಸ್ವಲ್ಪ ಸುತ್ತು ಹಾಕುವುದು.

ವಕೀಲ: ಮಹಜರು ಅಳೆದದ್ದು ರಸ್ತೆಯಲ್ಲಿ. ಓಣಿ ಅದರಲ್ಲಿ ಇಲ್ಲವೇ ಇಲ್ಲ. ಓಣಿಯ ದಾರಿಯಲ್ಲಿ ಅಳೆದರೆ ನೂರರ ಒಳಗೆ ಬರುತ್ತದೆ ಅಂತ ನನಗೆ ಪೂರ್ತಿ ನಂಬಿಕೆ. ಆದರೆ ಅದು ಸಾರ್ವಜನಿಕರು ನಡೆಯುವ ದಾರಿ ಅಂತ ತೋರಿಸಬೇಕು. ನಗರ ಸರ್ವೆ ನಕ್ಷೆ ಬೇಕು, ಪಾಲಿಕೆ ಅಲ್ಲಿ ದೀಪ ಹಾಕಿದ್ದರೆ ಆ ದಾಖಲೆ ಬೇಕು, ಅಲ್ಲಿ ನಡೆಯುವವರ ಹೇಳಿಕೆ ಬೇಕು. ಶಾಲೆ ಮೊದಲು ಬಂತೋ ಅಂಗಡಿ ಮೊದಲು ಬಂತೋ ಅಂತ ಕೇಳುತ್ತಾರೆ, ಆದ್ದರಿಂದ ಶಾಲೆಯ ಮಾನ್ಯತೆಯ ಆದೇಶದ ಪ್ರತಿ ಬೇಕು. ಇವನ್ನೆಲ್ಲ ಹೈಕೋರ್ಟಿನ ಮೇಜಿನ ಮೇಲೆ ಸುರಿದರೆ ಪ್ರಯೋಜನ ಇಲ್ಲ. ಸ್ಥಳಕ್ಕೆ ಬಂದು ನೋಡುವ ಅಧಿಕಾರ ಇರುವವರ ಮುಂದೆ ಇಡಬೇಕು.

ಟೀಚರ್: ಇದನ್ನು ಅರ್ಜಿ ಹಾಕುವ ಮೊದಲೇ ಯಾರಾದರೂ ಹೇಳಬಹುದಿತ್ತು.

ವಕೀಲ: ಅಂಗಡಿ ತೆರೆದ ವಾರವೇ ಜನರ ಸಿಟ್ಟು ನೆತ್ತಿಗೇರಿತ್ತು. ತಡೆಯಾಜ್ಞೆ ಸಿಕ್ಕಿದರೆ ಬಾಗಿಲು ತಕ್ಷಣ ಮುಚ್ಚುತ್ತದೆ ಅನ್ನುವ ಆಸೆ ಎಲ್ಲರಿಗೂ ಇತ್ತು. ತಡೆಯಾಜ್ಞೆ ಸಿಗಲಿಲ್ಲ, ನೋಟಿಸ್ ಮಾತ್ರ ಹೋಯಿತು. ಒಂದು ಲೆಕ್ಕದಲ್ಲಿ ಈಗ ಅದು ಅನುಕೂಲ. ತಡೆಯಾಜ್ಞೆ ಇದ್ದಿದ್ದರೆ ಅರ್ಜಿ ಹಿಂಪಡೆದ ಕ್ಷಣ ಅದೂ ಹೋಗುತ್ತಿತ್ತು, ಆಗ ನಾನು ಹಿಂಪಡೆಯಿರಿ ಅನ್ನುವ ಮೊದಲು ಹತ್ತು ಸಲ ಯೋಚಿಸುತ್ತಿದ್ದೆ.

ಟೀಚರ್: ಈ ಅಂಗಡಿಗಳು ಗಲ್ಲಿಗೆ ಬಂದದ್ದೇ ಆ ಹೆದ್ದಾರಿಯ ತೀರ್ಪಿನ ಮೇಲೆ ಅಲ್ಲವಾ? ಆಗ ಊರೆಲ್ಲ ಖುಷಿಪಟ್ಟಿತು. ನಾನೂ ಪಟ್ಟೆ.

ವಕೀಲ: ಖುಷಿಪಡುವ ತೀರ್ಪೇ. 2016ರ ಡಿಸೆಂಬರ್ 15ಕ್ಕೆ ಸುಪ್ರೀಂ ಕೋರ್ಟ್, ರಾಷ್ಟ್ರೀಯ ಮತ್ತು ರಾಜ್ಯ ಹೆದ್ದಾರಿಗಳಿಂದ 500 ಮೀಟರ್ ಒಳಗೆ ಮದ್ಯ ಮಾರಬಾರದು ಅಂದಿತು. ಕುಡಿದು ಗಾಡಿ ಓಡಿಸಿ ಸಾಯುವವರ, ಸಾಯಿಸುವವರ ಲೆಕ್ಕ ನೋಡಿ ಕೊಟ್ಟ ತೀರ್ಪು. 2017ರ ಮಾರ್ಚ್ 31ಕ್ಕೆ, 20,000ಕ್ಕಿಂತ ಹೆಚ್ಚು ಜನಸಂಖ್ಯೆ ಇಲ್ಲದ ಊರುಗಳಿಗೆ ಆ ದೂರವನ್ನು 220 ಮೀಟರಿಗೆ ಇಳಿಸಿತು. ಜುಲೈನಲ್ಲಿ, ನಗರಸಭೆ ಪಾಲಿಕೆಗಳ ಗಡಿಯೊಳಗಿನ ಅಂಗಡಿಗಳಿಗೆ ಸನ್ನದು ಕೊಡಲು ಈ ತೀರ್ಪು ಅಡ್ಡಿಯಲ್ಲ ಅಂತ ಸ್ಪಷ್ಟ ಮಾಡಿತು. 2018ರ ಫೆಬ್ರವರಿಯಲ್ಲಿ ಪಂಚಾಯಿತಿ ಪ್ರದೇಶಗಳ ವಿಚಾರವನ್ನೂ ರಾಜ್ಯಗಳ ವಿವೇಚನೆಗೆ ಬಿಟ್ಟಿತು. ಈ ಹದಿನಾಲ್ಕು ತಿಂಗಳಲ್ಲಿ ಹೆದ್ದಾರಿ ಬದಿಯ ಸನ್ನದುದಾರರು ಸುಮ್ಮನೆ ಕೂರಲಿಲ್ಲ. ಸನ್ನದು ರದ್ದಾಗುವುದು ಬೇಡ, ಜಾಗ ಬದಲಾಯಿಸಿ ಕೊಡಿ ಅಂತ ಕೇಳಿದರು. ಜಾಗ ಅಂದರೆ ಎಲ್ಲಿ? ಮನೆಗಳಿರುವ ಒಳರಸ್ತೆಗಳು. ಕರ್ನಾಟಕದ ಎಷ್ಟೋ ಊರುಗಳಲ್ಲಿ ಹೆಂಗಸರು ರಸ್ತೆಗೆ ಕೂತದ್ದು ಆಗಲೇ.

ಟೀಚರ್: ದಿಲ್ಲಿಯಲ್ಲಿ ಒಂದು ಸಾಲು ಬರೆದರೆ ನಮ್ಮ ಗಲ್ಲಿಯಲ್ಲಿ ಒಂದು ಶಟರ್ ಏಳುತ್ತದೆ.

ವಕೀಲ: ಅದಕ್ಕೇ ನಾನು ಹೇಳುವುದು, ದೊಡ್ಡ ಕೋರ್ಟಿನ ದೊಡ್ಡ ಆದೇಶ ಒಂದೇ ನಮ್ಮ ಬೀದಿಯನ್ನು ಕಾಯುವುದಿಲ್ಲ. ಆದೇಶವನ್ನು ಹಿಡಿದುಕೊಂಡು ಸ್ಥಳದಲ್ಲಿ ನಿಲ್ಲುವ ಜನ ಬೇಕು. ಹೊಸ ವೈನ್ ಶಾಪ್, ಹೊಸ ಬಾರ್ ಸನ್ನದುಗಳನ್ನು ಸರ್ಕಾರ ಹತ್ತಾರು ವರ್ಷ ಸಾಮಾನ್ಯವಾಗಿ ಕೊಡದೆ ಇದ್ದದ್ದರಿಂದ ಹಳೆಯ ಸನ್ನದಿಗೆ ಬಂಗಾರದ ಬೆಲೆ. ಅದು ಕೈ ಬದಲಾಯಿಸುತ್ತದೆ, ಜಾಗ ಬದಲಾಯಿಸುತ್ತದೆ. ಜಾಗ ಬದಲಾಯಿಸುವಾಗ 5ನೇ ನಿಯಮ ಮತ್ತೆ ಅನ್ವಯಿಸಬೇಕು. ಅಲ್ಲಿ ಎಚ್ಚರವಾಗಿರುವವರು ಬೇಕು.

ಟೀಚರ್: ಈಗ ಆ ಹಿಂಪಡೆಯುವ ವಿಷಯಕ್ಕೆ ಬಾ. ಹಿಂಪಡೆದರೆ ಇನ್ನು ಯಾವತ್ತೂ ಆ ಬಾಗಿಲು ತಟ್ಟಲು ಆಗುವುದಿಲ್ಲ ಅಂತ ಮೂರನೇ ಅರ್ಜಿದಾರರ ಮಗ ಹೇಳುತ್ತಿದ್ದ. ಅವನೂ ಲಾ ಓದುತ್ತಿದ್ದಾನೆ.

ವಕೀಲ: ಅವನು ಓದಿದ್ದು ಸರಿಯಾಗಿಯೇ ಉಂಟು, ಅರ್ಧ ಮಾತ್ರ. ಸರ್ಗೂಜಾ ಟ್ರಾನ್ಸ್‌ಪೋರ್ಟ್ ಅಂತ ಒಂದು ಪ್ರಕರಣ, 1986ರದ್ದು. ಮಧ್ಯಪ್ರದೇಶದ ಬಸ್ ಪರ್ಮಿಟಿನ ಜಗಳ. ಅರ್ಜಿದಾರರು ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿ, ಹಿಂಪಡೆದು, ಮತ್ತೆ ಅದೇ ವಿಷಯಕ್ಕೆ ಇನ್ನೊಂದು ಹಾಕಿದರು. ಮೊದಲಿನದನ್ನು ಹಿಂಪಡೆಯುವಾಗ ಮತ್ತೆ ಹಾಕುತ್ತೇವೆ ಅಂತ ಅನುಮತಿ ಕೇಳಿರಲಿಲ್ಲ. ಸುಪ್ರೀಂ ಕೋರ್ಟಿನಲ್ಲಿ ಆ ತೀರ್ಪು ಬರೆದವರು ನಮ್ಮ ಕನ್ನಡಿಗರೇ, ಮಂಡ್ಯ ಸೀಮೆಯ ಇ.ಎಸ್. ವೆಂಕಟರಾಮಯ್ಯನವರು, 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿ ಆದರಲ್ಲ, ಅವರು. ಅನುಮತಿ ಪಡೆಯದೆ ಹಿಂಪಡೆದವನು ಅದೇ ಕಾರಣಕ್ಕೆ ಮತ್ತೆ ರಿಟ್ ಅರ್ಜಿ ಹಾಕುವಂತಿಲ್ಲ ಅಂದರು. ಒಬ್ಬ ನ್ಯಾಯಮೂರ್ತಿಯ ಒಲವು ಕಾಣದಿದ್ದರೆ ಹಿಂಪಡೆದು, ಇನ್ನೊಬ್ಬರ ಪೀಠಕ್ಕೆ ಹೊಸ ಅರ್ಜಿ ಒಯ್ಯುವ ಚಾಳಿ ನಿಲ್ಲಬೇಕು ಅನ್ನುವುದು ಅವರ ಕಾರಣ. ಆದರೆ ಅದೇ ತೀರ್ಪು, ದಾವೆಯಂಥ ಬೇರೆ ಪರಿಹಾರದ ದಾರಿಗಳು ಇದರಿಂದ ಮುಚ್ಚುವುದಿಲ್ಲ ಅಂತಲೂ ಹೇಳಿದೆ. ನಿಮ್ಮ ಮೂರನೇ ಅರ್ಜಿದಾರರ ಮಗ ಈ ಎರಡನೇ ಭಾಗ ಓದಬೇಕಿತ್ತು.

ಟೀಚರ್: ಅಂದರೆ ಹೇಗೆ ಹಿಂಪಡೆಯುತ್ತೇವೆ ಅನ್ನುವುದೇ ಮುಖ್ಯ.

ವಕೀಲ: ಅದೇ ಎಲ್ಲ. ಬರೀ ಹಿಂಪಡೆಯುತ್ತೇವೆ ಅಂತ ಒಂದು ಸಾಲಿನ ಮೆಮೊ ಹಾಕಿದರೆ, ಹಿಂಪಡೆದದ್ದೆಂದು ವಜಾ ಮಾಡಲಾಗಿದೆ ಅಂತ ಒಂದು ಸಾಲಿನ ಆದೇಶ ಬರುತ್ತದೆ. ನಾವು ಮೆಮೊದಲ್ಲಿ ಮೂರು ಮಾತು ಬರೆಯಬೇಕು, ಆ ಮೂರೂ ಆದೇಶದಲ್ಲಿ ಕಾಣಬೇಕು. ಕಾಯ್ದೆಯ ಕೆಳಗಿನ ಮೇಲ್ಮನವಿಗೂ ಕಾನೂನಿನ ಇತರ ಪರಿಹಾರಗಳಿಗೂ ಹೋಗಲು ಸ್ವಾತಂತ್ರ್ಯ ಕಾಯ್ದಿರಿಸಬೇಕು. ಅಗತ್ಯ ಬಿದ್ದರೆ ಮತ್ತೆ ಹೈಕೋರ್ಟಿಗೆ ಬರುವ ಸ್ವಾತಂತ್ರ್ಯವೂ ಅದರಲ್ಲಿ ಸೇರಬೇಕು. ಎರಡೂ ಕಡೆಯ ಎಲ್ಲ ವಾದಗಳನ್ನು ಮುಕ್ತವಾಗಿ ಇಡಲಾಗಿದೆ ಅಂತ ಬರಬೇಕು, ಅಂದರೆ ಅಳತೆಯ ಬಗ್ಗೆ ಕೋರ್ಟ್ ಏನೂ ಹೇಳಿಲ್ಲ ಅಂತ. ಸಾಧ್ಯವಾದರೆ, ನಾವು ಮನವಿ ಕೊಟ್ಟಾಗ ನಮ್ಮನ್ನು ಕೇಳಿ ಇಷ್ಟು ವಾರದೊಳಗೆ ತೀರ್ಮಾನಿಸಿ ಅಂತ ಅಧಿಕಾರಿಗೆ ಒಂದು ನಿರ್ದೇಶನವನ್ನೂ ಕೇಳೋಣ. ಕೋರ್ಟ್ ಕೊಡಲೇಬೇಕು ಅಂತಿಲ್ಲ, ಆದರೆ ಕೇಳಿದರೆ ಕೊಡುವುದುಂಟು.

ಟೀಚರ್: ಐದನೇ ಅರ್ಜಿದಾರರು ಒಪ್ಪುವುದಿಲ್ಲ. ನಾನು ಸತ್ತರೂ ಹಿಂಪಡೆಯುವ ಕಾಗದಕ್ಕೆ ಹೆಬ್ಬೆಟ್ಟು ಒತ್ತುವುದಿಲ್ಲ ಅಂದಿದ್ದಾರೆ. ಅವರ ಗಂಡ ಹೋದದ್ದು ಕುಡಿತದಿಂದಲೇ.

ವಕೀಲ: ಅವರನ್ನು ಬಿಟ್ಟು ನಾವು ಹಿಂಪಡೆದು, ಅವರ ಪರವಾಗಿಯೂ ಹಿಂಪಡೆದೆವು ಅನ್ನಲು ಬರುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ದಾವೆಗಳಿಗೇ ಆ ಮಾತು ಉಂಟು: ಒಬ್ಬ ವಾದಿ ಉಳಿದವರ ಒಪ್ಪಿಗೆ ಇಲ್ಲದೆ ಇಡೀ ದಾವೆ ಹಿಂಪಡೆಯುವಂತಿಲ್ಲ. ಅವರು ಬೇಡ ಅಂದರೆ ಅವರ ಮಟ್ಟಿಗೆ ಅರ್ಜಿ ನಡೆಯಬಹುದು. ಆದರೆ ಒಂದೇ ಅಂಗಡಿಗೆ ಎರಡು ಕಡೆ ಎರಡು ಕೇಸು ನಡೆದರೆ, ಅಲ್ಲಿ ಬಾಕಿ ಉಂಟು ಅಂತ ಇಲ್ಲಿ ಮುಂದೂಡುತ್ತಾರೆ, ಇಲ್ಲಿ ಬಾಕಿ ಉಂಟು ಅಂತ ಅಲ್ಲಿ. ಒತ್ತಾಯ ಮಾಡುವುದು ಬೇಡ. ನಾನೇ ಹೋಗಿ ಅವರ ಮನೆಯಲ್ಲಿ ಕೂತು ಹೇಳುತ್ತೇನೆ. ಕೊನೆಗೂ ಬೇಡ ಅಂದರೆ ಅವರ ಮಾತನ್ನು ಗೌರವಿಸಿ ಬೇರೆ ದಾರಿ ನೋಡೋಣ.

ಟೀಚರ್: ನಾನೂ ಬರುತ್ತೇನೆ. ನಿನ್ನ ಕಾನೂನು ಅವರಿಗೆ ಬೇಡ, ಬಾಗಿಲು ಮುಚ್ಚುತ್ತದಾ ಇಲ್ಲವಾ ಅಷ್ಟೇ ಕೇಳುತ್ತಾರೆ. ಇನ್ನೊಂದು ಮಾತು. ಈಗಾಗಲೇ ಮಾರ್ಕೆಟಿನಲ್ಲಿ ಸುದ್ದಿ ಹಬ್ಬಿದೆ, ದುಡ್ಡು ತಿಂದು ಕೇಸು ಬಿಟ್ಟರು ಅಂತ. ಇನ್ನೊಂದು ಗುಂಪು, ಪಕ್ಕದ ಬೀದಿಯ ವೈನ್ ಶಾಪಿನವನೇ ನಮಗೆ ಹಣ ಕೊಟ್ಟು ಕೇಸು ಹಾಕಿಸಿದ್ದು ಅನ್ನುತ್ತದೆ.

ವಕೀಲ: ಎರಡನೇ ಮಾತು ನಿಜವಾಗಿದ್ದರೆ ನಮ್ಮ ಕೇಸು ಅವತ್ತೇ ಮುಗಿಯುತ್ತಿತ್ತು. ವ್ಯಾಪಾರದ ಎದುರಾಳಿ, ನನ್ನ ಗಿರಾಕಿ ಹೋಗುತ್ತಾರೆ ಅಂತ ಇನ್ನೊಬ್ಬನ ಸನ್ನದನ್ನು ಪ್ರಶ್ನಿಸಿದರೆ ಕೋರ್ಟ್ ಅವನನ್ನು ನೊಂದವನು ಅಂತ ಒಪ್ಪುವುದಿಲ್ಲ. ಒಂದು ಸಿನಿಮಾ ಥಿಯೇಟರಿನ ವಿವಾದದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎಪ್ಪತ್ತರ ದಶಕದಲ್ಲೇ ತೀರ್ಮಾನಿಸಿದೆ, ಜಸ್‌ಭಾಯಿ ಮೋತಿಭಾಯಿ ಪ್ರಕರಣ. ನಾವು ಮಕ್ಕಳನ್ನು ಆ ದಾರಿಯಲ್ಲಿ ಕಳಿಸುವವರು, ನಮ್ಮ ನೋವು ಬೇರೆ. ಮೊದಲನೇ ಮಾತಿಗೆ ಔಷಧ ಒಂದೇ. ಹೈಕೋರ್ಟಿನ ಆದೇಶ ಬಂದ ದಿನವೇ ಅದರ ಕನ್ನಡ ಸಾರ ಬರೆಸಿ, ಖರ್ಚಿನ ಲೆಕ್ಕದ ಜೊತೆ ಮಸೀದಿಯ ಹತ್ತಿರ, ಭಜನಾ ಮಂದಿರದ ಹತ್ತಿರ, ದಕ್ಕೆಯಲ್ಲಿ, ಎಲ್ಲ ಕಡೆ ಅಂಟಿಸೋಣ. ಯಾರು ಎಷ್ಟು ಕೊಟ್ಟರು, ಎಷ್ಟು ಖರ್ಚಾಯಿತು, ಉಳಿದದ್ದು ಎಷ್ಟು. ಮೇಲ್ಮನವಿಯ ಸ್ವೀಕೃತಿಯ ಪ್ರತಿ ಅದರ ಪಕ್ಕದಲ್ಲೇ ಇರಬೇಕು. ಹಿಂಪಡೆದ ದಿನಕ್ಕೂ ಮೇಲ್ಮನವಿ ಹಾಕಿದ ದಿನಕ್ಕೂ ನಡುವೆ ಅಂತರ ಹೆಚ್ಚಿದಷ್ಟೂ ಗುಸುಗುಸು ಬೆಳೆಯುತ್ತದೆ.

ಟೀಚರ್: ಇದು ಸಾರ್ವಜನಿಕ ಹಿತಾಸಕ್ತಿ ಅರ್ಜಿ ಆಗಿದ್ದರೆ?

ವಕೀಲ: ಆಗಿದ್ದರೆ ಹಿಂಪಡೆಯುವುದು ನಮ್ಮ ಇಷ್ಟ ಒಂದರಿಂದಲೇ ಆಗುತ್ತಿರಲಿಲ್ಲ. ಜೈಲಿನಲ್ಲಿರುವ ಮಕ್ಕಳ ಪರ ಪತ್ರಕರ್ತೆ ಶೀಲಾ ಬಾರ್ಸೆ ಅರ್ಜಿ ಹಾಕಿದ್ದರು. ವಿಳಂಬದಿಂದ ಬೇಸತ್ತು ಹಿಂಪಡೆಯಲು ಹೋದಾಗ ಸುಪ್ರೀಂ ಕೋರ್ಟ್ 1988ರಲ್ಲಿ ಒಪ್ಪಲಿಲ್ಲ. ಅದು ಅವರೊಬ್ಬರ ಕೇಸಲ್ಲ, ಮಕ್ಕಳದ್ದು ಅಂತ ಮುಂದುವರಿಸಿತು. ನಮ್ಮದು ನಿವಾಸಿಗಳ ಸಾಮಾನ್ಯ ರಿಟ್ ಅರ್ಜಿ. ಅನುಮತಿ ಸಿಗುವುದು ಕಷ್ಟವಿಲ್ಲ.

ಟೀಚರ್: ಸರಿ, ಹಿಂಪಡೆದೆವು ಅಂತಿಟ್ಟುಕೋ. ನಾಳೆ ಬೆಳಗ್ಗೆ ಎಲ್ಲಿಗೆ ಹೋಗುವುದು?

ವಕೀಲ: ಅಂಗಡಿಗೆ ಇಲ್ಲಿ ಅನುಮತಿ ಕೊಟ್ಟ ಜಿಲ್ಲಾ ಮಟ್ಟದ ಆದೇಶದ ಮೇಲೆ ಅಬಕಾರಿ ಆಯುಕ್ತರಿಗೆ ಮೇಲ್ಮನವಿ. ಅಲ್ಲಿಯೂ ಆಗದಿದ್ದರೆ ಕರ್ನಾಟಕ ಮೇಲ್ಮನವಿ ನ್ಯಾಯಾಧಿಕರಣ. ನಿಜ ಹೇಳಬೇಕು ನಿಮಗೆ, ಎರಡೂ ಬೆಂಗಳೂರಿನಲ್ಲೇ. ಧಾರವಾಡಕ್ಕೂ ಕಲಬುರಗಿಗೂ ಹೈಕೋರ್ಟ್ ಪೀಠ ಬಂತು. ನಾವು ಕರಾವಳಿಯವರು ಮಳೆಗಾಲದಲ್ಲಿ ಶಿರಾಡಿ ಘಾಟಿಯಲ್ಲಿ ಗುಡ್ಡ ಕುಸಿದರೂ ರಾತ್ರಿ ಬಸ್ಸು ಹಿಡಿದು ಬೆಂಗಳೂರಿಗೇ ಹೋಗಬೇಕು. ಮಂಗಳೂರಿಗೆ ಪೀಠ ಬೇಕು ಅನ್ನುವ ಬೇಡಿಕೆ ಸುಮ್ಮನೆ ಹುಟ್ಟಿದ್ದಲ್ಲ. ಮೇಲ್ಮನವಿಗೆ ಗಡುವು ಉಂಟು. ಆದೇಶದ ದಿನಾಂಕ ಹಳೆಯದಾಯಿತು. ಇಷ್ಟು ದಿನ ಪ್ರಾಮಾಣಿಕವಾಗಿ ಹೈಕೋರ್ಟಿನಲ್ಲಿ ಇದ್ದೆವು ಅಂತ ಪ್ರಮಾಣಪತ್ರ ಹಾಕಿ ವಿಳಂಬ ಮನ್ನಾ ಕೇಳಬೇಕು. 1963ರ ಕಾಲಮಿತಿ ಕಾಯ್ದೆಯ 5 ಮತ್ತು 14ನೇ ಸೆಕ್ಷನ್‌ಗಳ ಹಿಂದೆ ಇರುವ ತತ್ವ ಅದೇ. ಇನ್ನು ಊರಿನಲ್ಲೇ ಆಗುವ ಕೆಲಸ. ಸ್ಥಳಾಂತರದ ಇಡೀ ಕಡತ, ನಕ್ಷೆ, ಮಹಜರಿನ ಪ್ರತಿ ಬೇಕು ಅಂತ ಮಾಹಿತಿ ಹಕ್ಕಿನಲ್ಲಿ ಕೇಳಬೇಕು. ಹತ್ತು ರೂಪಾಯಿ ಶುಲ್ಕ, 30 ದಿನದ ಗಡುವು. ಆಮೇಲೆ ಜಂಟಿ ಅಳತೆಗೆ ಮನವಿ: ನಮ್ಮವರು, ಅಂಗಡಿಯವರು, ಸರ್ವೆಯವರು ಎಲ್ಲರೂ ಇರುವಾಗ, ಓಣಿಯ ದಾರಿಯಲ್ಲಿ, ಟೇಪು ಹಿಡಿದು.

ಟೀಚರ್: ಅಂಗಡಿಯ ಎದುರೇ ಕೂತು ಕುಡಿಯುತ್ತಾರಲ್ಲ, ಅದಕ್ಕೆ ಅಳತೆ ಯಾಕೆ ಬೇಕು?

ವಕೀಲ: ಬೇಡ. ವೈನ್ ಶಾಪಿನ ಸನ್ನದು ಬಾಟಲಿ ಮಾರಲಿಕ್ಕೆ, ಕುಡಿಸಲಿಕ್ಕೆ ಅಲ್ಲ. ಶಾಲೆ ಬಿಡುವ ಹೊತ್ತಿನ ಫೋಟೊಗಳನ್ನು ದಿನಾಂಕದ ಜೊತೆ ಇಡಿ, ಮಕ್ಕಳ ಮುಖ ಬೇಡ. ಇದಕ್ಕೆ ಹಳೆಯ ಒಂದು ದಾರಿ ಉಂಟು. ಮಧ್ಯಪ್ರದೇಶದ ರತ್ಲಾಂ ಊರಿನಲ್ಲಿ ಒಂದು ಬೀದಿಯವರು, ಚರಂಡಿ ಇಲ್ಲ, ಹತ್ತಿರದ ಮದ್ಯಸಾರದ ಕಾರ್ಖಾನೆಯ ಕೊಳಚೆ ನಮ್ಮ ಮನೆ ಮುಂದೆ ಹರಿಯುತ್ತದೆ ಅಂತ ದೂರು ಕೊಟ್ಟರು. ಕೊಟ್ಟದ್ದು ಹೈಕೋರ್ಟಿಗಲ್ಲ, ಊರಿನ ಮ್ಯಾಜಿಸ್ಟ್ರೇಟರಿಗೆ, ಆಗಿನ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಸಾರ್ವಜನಿಕ ಉಪದ್ರವದ 133ನೇ ಸೆಕ್ಷನ್ ಕೆಳಗೆ. ಮ್ಯಾಜಿಸ್ಟ್ರೇಟರು ಪುರಸಭೆಗೆ ಆದೇಶ ಮಾಡಿದರು, ಪುರಸಭೆ ಹಣ ಇಲ್ಲ ಅಂದಿತು. 1980ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಕೃಷ್ಣ ಅಯ್ಯರ್ ಅವರು ಆ ಬೀದಿಯವರನ್ನೇ ಗೆಲ್ಲಿಸಿದರು. ಅದೇ ಸೆಕ್ಷನ್ 2024ರ ಜುಲೈಯಿಂದ ಹೊಸ ಸಂಹಿತೆಯಲ್ಲಿ 152 ಆಗಿದೆ. ಸಮುದಾಯದ ಆರೋಗ್ಯಕ್ಕೆ, ನೆಮ್ಮದಿಗೆ ಹಾನಿ ಮಾಡುವ ವ್ಯಾಪಾರವೂ ಅದರೊಳಗೆ ಬರುತ್ತದೆ.

ಟೀಚರ್: ಇದು ನನಗೆ ಹಿಡಿಸಿತು. ಬೀದಿಯವರು ಬೀದಿಯಲ್ಲೇ ಶುರು ಮಾಡಿದ್ದು. ಆದರೆ ನನ್ನ ಮನಸ್ಸಿನಲ್ಲಿರುವುದನ್ನು ಹೇಳಿಬಿಡುತ್ತೇನೆ. ಹತ್ತು ದಿನ ಕಡಲಲ್ಲಿದ್ದು ಬಂದ ಬೋಟಿನ ಹುಡುಗರು ದಕ್ಕೆಯಲ್ಲಿ ಪಾಲು ತೆಗೆದುಕೊಂಡು ಮೊದಲು ಕಾಣುವ ಬಾಗಿಲಿಗೆ ಹೋಗುತ್ತಾರೆ. ಅವರ ಮೇಲೆ ನನಗೆ ಸಿಟ್ಟಿಲ್ಲ, ಅರ್ಧ ಮಂದಿ ನನ್ನ ಮಕ್ಕಳೇ. ಸಂಬಳದ ಕೈಗೂ ಮನೆಯ ಒಲೆಗೂ ನಡುವೆ ಆ ಬಾಗಿಲು ನಿಲ್ಲಬಾರದು ಅನ್ನುವುದಷ್ಟೇ ನನ್ನ ಹಟ. ಸರ್ಕಾರಕ್ಕೆ ಇದು ಗೊತ್ತಿಲ್ಲವಾ?

ವಕೀಲ: ಸರ್ಕಾರ 2025-26ರ ಬಜೆಟ್ಟಿನಲ್ಲಿ ಅಬಕಾರಿಯಿಂದ 40,000 ಕೋಟಿ ರೂಪಾಯಿಯ ಗುರಿ ಇಟ್ಟುಕೊಂಡಿತು. ಸಂವಿಧಾನದ 47ನೇ ವಿಧಿ ಮಾದಕ ಪೇಯಗಳ ನಿಷೇಧಕ್ಕೆ ರಾಜ್ಯ ಪ್ರಯತ್ನಿಸಬೇಕು ಅನ್ನುತ್ತದೆ. ಎರಡೂ ಒಂದೇ ಸರ್ಕಾರದ ಕೈಯಲ್ಲಿ. ಒಂದು ಕಾಲದಲ್ಲಿ ನಮ್ಮ ಜಿಲ್ಲೆ ಮದ್ರಾಸ್ ಪ್ರಾಂತ್ಯದಲ್ಲಿದ್ದಾಗ, 1948ರ ಹೊತ್ತಿಗೆ ಇಲ್ಲಿಯೂ ಪಾನನಿಷೇಧ ಬಂದಿತ್ತು. ನಿಮ್ಮ ತಂದೆಯವರು ಹೇಳಿರಬಹುದು.

ಟೀಚರ್: ಹೇಳುತ್ತಿದ್ದರು. ಕದ್ದು ಕಾಯಿಸಿದ್ದನ್ನು ಕುಡಿದು ಸತ್ತವರ ಕಥೆಯನ್ನೂ ಹೇಳುತ್ತಿದ್ದರು. ಅದಕ್ಕೇ ನಾನು ನಿಷೇಧ ಕೇಳುವವಳಲ್ಲ. ನಿಯಮದಲ್ಲಿ ಬರೆದ ನೂರು ಮೀಟರ್ ಕೊಡಿ ಅನ್ನುತ್ತೇನೆ.

ವಕೀಲ: ಆ ಕೇಳಿಕೆಗೆ ಬಲ ಉಂಟು. 1994ರಲ್ಲಿ ಬೆಂಗಳೂರಿನ ಖೋಡೆ ಡಿಸ್ಟಿಲರೀಸ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಹೇಳಿತು: ಮದ್ಯದ ವ್ಯಾಪಾರ ಯಾರ ಮೂಲಭೂತ ಹಕ್ಕೂ ಅಲ್ಲ, ಸರ್ಕಾರ ಬೇಕಾದರೆ ಪೂರ್ತಿ ನಿಷೇಧಿಸಬಹುದು, ಷರತ್ತು ಹಾಕಬಹುದು. ಅನುಮತಿ ಕೊಟ್ಟ ಮೇಲೆ ಮಾತ್ರ ವ್ಯಾಪಾರಿಗಳ ನಡುವೆ ತಾರತಮ್ಯ ಮಾಡಬಾರದು. ಹಾಗಾಗಿ ಅಂಗಡಿಯವನು ನನ್ನ ಹಕ್ಕು ಅಂತ ಹೇಳುವುದು ಸನ್ನದಿನ ಷರತ್ತಿನಷ್ಟೇ ದೂರ ಹೋಗುತ್ತದೆ. ಷರತ್ತು ಮುರಿದರೆ ಹಕ್ಕಿಲ್ಲ. ಮಹಾರಾಷ್ಟ್ರದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದ್ದಾರೆ. ಹಳ್ಳಿಯ ಮಹಿಳಾ ಮತದಾರರಲ್ಲಿ ಕಾಲು ಭಾಗ ಸಹಿ ಹಾಕಿ ಕೇಳಿದರೆ ಮತದಾನ ನಡೆಸಬೇಕು. ಅರ್ಧಕ್ಕಿಂತ ಹೆಚ್ಚು ಮಂದಿ ಬೇಡ ಅಂದರೆ ಅಂಗಡಿ ಮುಚ್ಚಬೇಕು. ನಿಂತ ಬಾಟಲಿಗೆ ಒಂದು ಗುರುತು, ಮಲಗಿದ ಬಾಟಲಿಗೆ ಒಂದು ಗುರುತು. ನಮ್ಮಲ್ಲಿ ಅಂಥದ್ದಿಲ್ಲ. 2019ರ ಜನವರಿಯಲ್ಲಿ ಸಾವಿರಾರು ಹೆಂಗಸರು ಚಿತ್ರದುರ್ಗದಿಂದ ಬೆಂಗಳೂರಿಗೆ ನಡೆದು ಹೋಗಿ ಮದ್ಯ ನಿಷೇಧ ಕೇಳಿದರು. ಕಾಲು ಬೊಬ್ಬೆ ಎದ್ದು ಬಂದವರ ಮಾತಿಗೆ ಸಿಗಬೇಕಾದ ಉತ್ತರ ಸಿಗಲಿಲ್ಲ ಅನ್ನುವುದು ನನ್ನ ನೋವು.

ಟೀಚರ್: ನೋವು ಇರಲಿ, ದಿನ ಎಷ್ಟು ಉಂಟು ಹೇಳು.

ವಕೀಲ: ಅದು ನಾನು ಕೊನೆಗೆ ಇಟ್ಟುಕೊಂಡ ಮಾತು. ಕರ್ನಾಟಕದಲ್ಲಿ ಅಬಕಾರಿ ಸನ್ನದಿನ ವರ್ಷ ಜುಲೈ 1ರಿಂದ ಜೂನ್ 30. ನಾವು ರಿಟ್ ಅರ್ಜಿಯಲ್ಲಿ ಪ್ರಶ್ನಿಸಿದ ಸನ್ನದು ಜೂನ್ 30ಕ್ಕೆ ಮುಗಿಯುತ್ತದೆ. ಹೈಕೋರ್ಟಿನ ಪಟ್ಟಿಯಲ್ಲಿ ನಮ್ಮ ಕೇಸು ಬರುವ ಹೊತ್ತಿಗೆ, ಆ ಸನ್ನದೇ ಈಗ ಇಲ್ಲ, ಹೊಸದು ಬಂದಿದೆ ಅಂತ ಎದುರಿನವರು ಹೇಳಬಹುದು. ಅದೇ ನವೀಕರಣ ನಮಗೆ ಬಾಗಿಲೂ ಹೌದು. ನವೀಕರಿಸುವ ಮೊದಲೇ ಆಕ್ಷೇಪಣೆ ಕಡತದಲ್ಲಿ ಕೂತಿದ್ದರೆ ಅದನ್ನು ನೋಡದೆ ದಾಟುವುದು ಅಧಿಕಾರಿಗೆ ಕಷ್ಟ. ದಾಟಿದರೆ, ನಮ್ಮ ಮಾತು ಕೇಳದೆ ಆದೇಶ ಮಾಡಿದರು ಅನ್ನುವ ಗಟ್ಟಿ ಕಾರಣ ಸಿಗುತ್ತದೆ. ಆಗ ಹೈಕೋರ್ಟಿಗೆ ಹೋದರೆ, ಇಲ್ಲಿಗೆ ಯಾಕೆ ಬಂದಿರಿ ಅಂತ ಯಾರೂ ಕೇಳುವುದಿಲ್ಲ.

ಟೀಚರ್: ಜೂನ್ ಅಂದರೆ ಬೋಟು ಕಟ್ಟಿರುವ ಕಾಲ. ಜೂನ್, ಜುಲೈ ಎರಡು ತಿಂಗಳು ಯಾಂತ್ರಿಕ ದೋಣಿಗೆ ನಿಷೇಧ. ದಕ್ಕೆಯವರೆಲ್ಲ ಮನೆಯಲ್ಲೇ ಇರುತ್ತಾರೆ. ಸಹಿಗೆ ಅಲೆಯಬೇಕಾಗಿಲ್ಲ.

ವಕೀಲ: ಸಹಿಯ ಜೊತೆ ವಿಳಾಸ ಬರೆಸಿ, ಆ ಓಣಿಯಲ್ಲಿ ಎಷ್ಟು ವರ್ಷದಿಂದ ನಡೆಯುತ್ತೀರಿ ಅಂತ ಒಂದು ಸಾಲು ಬರೆಸಿ. ಸಾವಿರ ಸಹಿಗಿಂತ ಅಂಥ ಐವತ್ತು ಸಾಲು ಮೇಲು.

ಟೀಚರ್: ಐವತ್ತು ಸಾಲು ನಾನೇ ಬರೆಸುತ್ತೇನೆ, ಅಕ್ಷರ ಕಲಿಸಿದ್ದೇ ಅವರಿಗೆ. ಮೆಮೊ ಹಾಕು. ಆದರೆ ನೀನು ಹೇಳಿದ ಆ ಮೂರು ಮಾತು ಆದೇಶದಲ್ಲಿ ಇಲ್ಲದೆ ಹಿಂಪಡೆದರೆ ನನಗೆ ಒಪ್ಪಿಗೆ ಇಲ್ಲ, ಐದನೇ ಅರ್ಜಿದಾರರ ಜೊತೆ ನಾನೂ ನಿಲ್ಲುತ್ತೇನೆ.

ವಕೀಲ: ಕೋರ್ಟಿನಲ್ಲಿ ಆ ಮಾತುಗಳನ್ನು ಓದಿಸಿ, ನ್ಯಾಯಮೂರ್ತಿಗಳು ಬರೆಸಿದ ಮೇಲೆಯೇ ಹಿಂಪಡೆಯುತ್ತೇವೆ. ಒಪ್ಪದಿದ್ದರೆ ಅರ್ಜಿ ಅಲ್ಲೇ ಇರಲಿ, ವಾದ ಮಾಡೋಣ. ಆಕ್ಷೇಪಣೆಯ ಮೂಲ ಪ್ರತಿ ಮೂರು ಮಾಡಿಸಿ: ಅಬಕಾರಿ ಉಪ ಆಯುಕ್ತರಿಗೆ ಒಂದು, ಜಿಲ್ಲಾಧಿಕಾರಿಗಳಿಗೆ ಒಂದು, ನಮಗೆ ಸ್ವೀಕೃತಿಯ ಮುದ್ರೆ ಬಿದ್ದದ್ದು ಒಂದು. ಜೂನ್ 30ರ ಸಂಜೆ ಟಪಾಲು ವಿಭಾಗದ ಬಾಗಿಲು ಮುಚ್ಚುವ ಮೊದಲು ಮುದ್ರೆ ಬಿದ್ದಿರಬೇಕು. ಹೊಸ ಸನ್ನದಿನ ವರ್ಷ ಜುಲೈ 1ರ ಬೆಳಗ್ಗೆ ಶುರುವಾಗುತ್ತದೆ.